ಓಣಿಸು ಎಂಬ ಒಂದು ಕ್ರಿಯಾಪದ

ಮೊನ್ನೆ ಸ್ಟಾಫ್ ರೂಮಿನಲ್ಲಿ ಕೂತು ಊಟದ ಡಬ್ಬಿ ಬಿಚ್ಚುತ್ತಿದ್ದೆ, ಫೋನು ಟಿಂಗ್ ಎಂದಿತು. ವಾಟ್ಸಾಪಿನಲ್ಲಿ ನಮ್ಮ ಮನೆತನದವರ ಗುಂಪೊಂದಿದೆ. ಹಬ್ಬಕ್ಕೆ ರಂಗೋಲಿ, ಉಳಿದ ದಿನ ಶುಭೋದಯ, ನಡುನಡುವೆ ಸಾವು. ಅವತ್ತು ಸಾವಿನ ಸರದಿ. ಗಾದಿಗನೂರಿನ ಹಿರಿಯರೊಬ್ಬರು, ಬಳಸಿ ಬಳಸಿ ನಮಗೆ ನೆಂಟರಾಗುವವರು, ತೀರಿಕೊಂಡಿದ್ದರು. ಸುದ್ದಿಯ ಕೆಳಗೆ ಮುಗಿದ ಕೈಗಳು, ಕಣ್ಣೀರು ಸುರಿಸುವ ಹಳದಿ ಮುಖಗಳು ಒಂದರ ಹಿಂದೊಂದು ಬಂದು ಸಾಲು ನಿಂತವು. ಅಷ್ಟುದ್ದ ಅತ್ತವನೊಬ್ಬ ಅದರ ಬೆನ್ನಿಗೇ ತನ್ನ ಹೊಸ ಬೈಕಿನ ಫೋಟೋ ಹಾಕಿದ. ನನಗೇ ಗೊತ್ತಿಲ್ಲದೆ ಬಾಯಿಂದ ಬಂದುಬಿಟ್ಟಿತು: “ಓಣಿಸಾಕತ್ತಾನ ನೋಡು.”

ಪಕ್ಕದಲ್ಲಿದ್ದ ವಿಜ್ಞಾನದ ಮೇಡಂ ಮೈಸೂರು ಕಡೆಯ ಹುಡುಗಿ. ಹೊಸಪೇಟೆಗೆ ಬಂದು ಇನ್ನೂ ವರ್ಷ ತುಂಬಿಲ್ಲ. ಕೈಯಲ್ಲಿದ್ದ ಚಪಾತಿ ಹಾಗೇ ಹಿಡಿದು “ಹಾಗಂದ್ರೇನು ಮೇಡಂ?” ಎಂದಳು. ನಾನು ಕನ್ನಡ ಪಾಠ ಮಾಡುವವಳು, ಹೇಳದೆ ಬಿಡುವಂತಿಲ್ಲ. “ನಟಿಸು ಅಂತಲ್ಲ, ಸೋಗು ಹಾಕು ಅಂತಲೂ ಅಲ್ಲ, ಅವೆರಡರ ನಡುವಿನದು” ಎಂದು ಶುರು ಮಾಡಿ, ಎಲ್ಲೋ ಸಿಕ್ಕಿಹಾಕಿಕೊಂಡು, ಕೊನೆಗೆ “ನಮ್ಮ ದೊಡ್ಡವ್ವ ಅಂತಿದ್ಲು” ಎಂದು ಮುಗಿಸಿದೆ. ಆಕೆ ಪಾಪ, ತಲೆಯಾಡಿಸಿ ಉಪ್ಪಿನಕಾಯಿಯ ಕಡೆಗೆ ಹೊರಳಿದಳು.

ನನಗೆ ಸಮಾಧಾನವಾಗಲಿಲ್ಲ. ಮಧ್ಯಾಹ್ನ ಲೈಬ್ರರಿಗೆ ಹೋಗಿ ದಪ್ಪ ನಿಘಂಟು ತೆಗೆಸಿದೆ. ಓಣಿ ಇದೆ. ಸ್ವಲ್ಪ ಮುಂದೆ ಹೋದರೆ ಓತಿಕ್ಯಾತವೂ ಇದೆ. ಓಣಿಸು ಇಲ್ಲ. ಇರುವುದಿಲ್ಲ ಎಂದು ಗೊತ್ತಿದ್ದೇ ಹೋಗಿದ್ದೆ, ಆದರೂ ಒಂಥರಾ ಆಯಿತು. ಓತಿಕ್ಯಾತಕ್ಕೆ ಜಾಗ ಸಿಕ್ಕಿದೆ, ನಮ್ಮ ದೊಡ್ಡವ್ವನಿಗೆ ಸಿಕ್ಕಿಲ್ಲ. ಆ ನಿಘಂಟು ಮಾಡಿದವರು ಒಂದು ದಿನ ಕಂಪ್ಲಿಗೆ ಬಂದು ಅವಳ ಕಟ್ಟೆಯ ಮೇಲೆ ಕೂತಿದ್ದರೆ ಇಂಥವು ಒಂದು ಬುಟ್ಟಿ ಸಿಗುತ್ತಿದ್ದವು. ಬೈಗುಳ ಬೇರೆ.

ದೊಡ್ಡವ್ವ ಎಂದರೆ ನಮ್ಮಪ್ಪನ ಅಣ್ಣನ ಹೆಂಡತಿ, ನೀಲವ್ವ. ನಾವು ಆಗ ಸಂಡೂರಿನಲ್ಲಿದ್ದೆವು, ಅಪ್ಪನಿಗೆ ಗಣಿಯ ಕಚೇರಿಯಲ್ಲಿ ಕೆಲಸ. ನಮ್ಮ ಬಿಳಿ ಯೂನಿಫಾರ್ಮು ಎಷ್ಟು ಒಗೆದರೂ ಕೆಂಪು. ತಲೆ ಬಾಚಿದರೆ ಬಾಚಣಿಕೆಯೂ ಕೆಂಪು. ಬೇಸಿಗೆ ರಜೆ ಬಂತೆಂದರೆ ನನ್ನನ್ನು ಕಂಪ್ಲಿಗೆ ಸಾಗಹಾಕುತ್ತಿದ್ದರು. ಅಲ್ಲಿ ಬಾಳೆ, ಕಬ್ಬು, ಕಾಲುವೆ, ಮತ್ತು ನನಗಿಂತ ನಾಲ್ಕಾರು ವರ್ಷ ದೊಡ್ಡವಳಾದ ಶಾಂತಕ್ಕ, ದೊಡ್ಡವ್ವನ ಒಬ್ಬಳೇ ಮಗಳು. ಕಬ್ಬಿನ ಗಾಡಿ ಓಣಿಯಲ್ಲಿ ಹೊರಳುವಾಗ ಹಿಂದಿನಿಂದ ಒಂದು ಜಲ್ಲೆ ಎಳೆಯುವುದನ್ನು ಕಲಿಸಿದವಳು ಆಕೆಯೇ. ಸಿಕ್ಕಿಬಿದ್ದರೆ ಗಾಡಿಯವನ ಮುಂದೆ ಅಳುವುದು ನನ್ನ ಪಾಲಿಗೆ. ಕಟ್ಟೆಯ ಮೇಲಿಂದ ದೊಡ್ಡವ್ವನ ದನಿ ಬರುತ್ತಿತ್ತು: “ಓಣಿಸಬ್ಯಾಡಲೇ ಗಿರಿಜಿ, ಕಬ್ಬು ವಾಪಸ್ ಕೊಡು.”

ಈ ಮಾತಿನ ಬೇರು ಇರುವುದು ಸಾವಿನ ಮನೆಯಲ್ಲಿ. ನಮ್ಮ ಕಡೆ ಯಾರಾದರೂ ಹೋದರೆ ಸುತ್ತಲ ಊರುಗಳಿಂದ ಹೆಣ್ಣುಮಕ್ಕಳು ಬಸ್ಸು ಹಿಡಿದು ಬರುತ್ತಾರೆ. ಬಸ್ ಸ್ಟ್ಯಾಂಡಿನಿಂದ ನಡೆಯುತ್ತ ಬರುವಾಗ ಎಲ್ಲ ಮಾತೂ ಇರುತ್ತದೆ, ಸೊಸೆಯ ದೂರು, ಮಳೆ, ಸೀರೆಯ ಅಂಚು. ಓಣಿಯ ತಿರುವು ಬಂದೊಡನೆ ಸೆರಗು ತಲೆಯ ಮೇಲೆ ಬರುತ್ತದೆ, ದನಿ ಏಳುತ್ತದೆ. “ಎಲ್ಲಿಗಿ ಹೋದ್ಯವ್ವಾ” ಎಂದು ಶುರುವಾದರೆ ಬಾಗಿಲವರೆಗೂ ಹಾಡಿಕೊಂಡು ಅಳುತ್ತಾ ಬರುವುದು. ಅದು ಕೇಳಿ ಒಳಗಿದ್ದವರೂ ದನಿ ತೆಗೆಯುತ್ತಾರೆ. ಹೊಸ್ತಿಲಲ್ಲಿ ಎರಡೂ ಅಳು ಕೂಡುತ್ತವೆ, ಒಬ್ಬರನ್ನೊಬ್ಬರು ತಬ್ಬುತ್ತಾರೆ. ಸ್ವಲ್ಪ ಹೊತ್ತಿಗೆ ಪಕ್ಕದ ಮನೆಯ ಚಹಾ ಬರುತ್ತದೆ, “ಬಸ್ಸು ಜಲ್ದಿ ಸಿಕ್ತೇನು?” ಎಂಬ ಮಾತೂ ಬರುತ್ತದೆ.

ಹೀಗೆ ಓಣಿ ಬಂದಾಗ ಅಳು ತಂದುಕೊಳ್ಳುವುದೇ ಓಣಿಸುವುದು. ದೊಡ್ಡವ್ವ ಆ ಪದವನ್ನು ಅಷ್ಟಕ್ಕೇ ಬಿಡಲಿಲ್ಲ. ಓಟು ಕೇಳಲು ಕೈ ಮುಗಿದು ಬಂದವನು ಓಣಿಸಿದ. ಇನ್ಸ್‌ಪೆಕ್ಟರು ಬಂದ ದಿನ ಮಾತ್ರ “ಪುಟ್ಟಾ” ಎಂದು ಕರೆಯುವ ಮೇಷ್ಟ್ರು ಓಣಿಸಿದರು. ಒಮ್ಮೆ ಸಂಡೂರಿಗೆ ನಮ್ಮ ಮನೆಗೆ ಬಂದಿದ್ದಳು. ವರ್ಷವಿಡೀ ಧೂಳೆಬ್ಬಿಸುವ ಲಾರಿ ರಸ್ತೆಗೆ ಅವತ್ತು ಯಾರೋ ಸಾಹೇಬರು ಬರುತ್ತಾರೆಂದು ಟ್ಯಾಂಕರಿನಿಂದ ನೀರು ಹೊಡೆಯುತ್ತಿದ್ದರು. ಬಾಗಿಲಲ್ಲಿ ನಿಂತು ನೋಡಿ, “ಬರೇ ಮಂದಿ ಓಣಿಸ್ತಾರಂತ ಅಂದ್ಕೊಂಡಿದ್ನಿ. ನಿಮ್ಮೂರಾಗ ರೋಡು ಸೈತ ಓಣಿಸ್ತೈತಲ್ಲೋ” ಎಂದಳು. ಅಪ್ಪ ನಕ್ಕೂ ನಗದ ಹಾಗೆ ಒಳಗೆ ಹೋದ, ನೀರು ಹೊಡೆಸುವವರ ಪೈಕಿ ಅವನೂ ಒಬ್ಬ.

ಪದ ಹುಟ್ಟಿದ ಬಗೆಯನ್ನು ಅವಳೇ ಹೇಳಿದ್ದು. ನಮ್ಮಜ್ಜಿ, ಎಂದರೆ ಅವಳ ಅತ್ತೆ, ತೀರಿಕೊಂಡ ದಿನ. ಆಗ ದೊಡ್ಡವ್ವ ಹೊಸ ಸೊಸೆ. ಮೋಡ ಕವಿದಿತ್ತು. ಹೆಣ ಕೂಡಿಸಿದ ಮನೆಯಿಂದ ಮೆಲ್ಲಗೆ ಜಾರಿ, ಮಾಳಿಗೆಯ ಮೇಲೆ ಒಣಗಲು ಹಾಕಿದ್ದ ಮೆಣಸಿನಕಾಯಿ ಬಳಿದು ತರಲು ಹತ್ತಿದಳಂತೆ. “ಅತ್ತಿ ಸತ್ತಾಳಂತ ಮಳಿ ಸುಮ್ನಿರ್ತೈತೇನು?” ಮೇಲಿಂದ ನೋಡಿದರೆ ಅವಳ ನಾದಿನಿ ಹಂಪವ್ವ ಬುಕ್ಕಸಾಗರದಿಂದ ಬರುತ್ತಿದ್ದಾಳೆ, ಜೊತೆಗೆ ಇಬ್ಬರು ಹೆಂಗಸರು. ಸತ್ತಿರುವುದು ಹಂಪವ್ವನ ಹೆತ್ತ ತಾಯಿ. ಆದರೆ ಕೈಯಲ್ಲಿ ಮಿರ್ಚಿ ಬಜ್ಜಿಯ ಪೊಟ್ಟಣ, ಏನೋ ಮಾತಿಗೆ ನಗು. ತಿರುವಿನ ಬೋರಿನ ಹತ್ತಿರ ನಿಂತು ಕೈ ತೊಳೆದಳು, ಬಾಯಿ ಮುಕ್ಕಳಿಸಿದಳು, ಸೀರೆಯ ನಿರಿಗೆ ಕೊಡವಿದಳು, ಓಣಿಯಲ್ಲಿ ಹೆಜ್ಜೆ ಇಟ್ಟಳು. ಊರು ನಡುಗುವಂಥ ಅಳು ಎದ್ದಿತು.

“ಅಲ್ಲೀತನಕ ಎಲ್ಲಿತ್ತಲೇ ಆ ಅಳು? ಓಣಿಯಾಗ ಇಕಿ ಹಾದಿ ಕಾಯ್ಕೋಂತ ಕುಂತಿತ್ತೇನು?” ದೊಡ್ಡವ್ವ ಇದನ್ನು ಹೇಳುವಾಗಲೆಲ್ಲ ಮಿರ್ಚಿಯ ವಾಸನೆ ಈಗಲೂ ಬರುತ್ತಿದೆಯೇನೋ ಎಂಬಂತೆ ಮೂಗು ಮುರಿಯುತ್ತಿದ್ದಳು. ಅವತ್ತು ಸಂಜೆ ಯಾರೋ “ಹಂಪವ್ವ ಭಾಳ ಅತ್ಲು ಪಾಪ” ಎಂದರಂತೆ. “ಅತ್ಲೇನು? ಓಣಿಸಿದ್ಲು” ಎಂದಳಂತೆ ಇವಳು. ಪದ ಹುಟ್ಟಿತು. ನಾದಿನಿ ಅತ್ತಿಗೆಯರ ನಡುವೆ ಬೆಂಕಿಯೂ ಹತ್ತಿತು. ಅಜ್ಜಿಯ ತಾಮ್ರದ ಹಂಡೆ ಯಾರಿಗೆ ಎಂಬ ತಕರಾರು ಮುಂದೆ ಅದಕ್ಕೆ ಸೌದೆ ಒಟ್ಟಿತು. ಆಮೇಲೆ ಹಂಪವ್ವತ್ತಿ ಕಂಪ್ಲಿಗೆ ಬರುತ್ತಿದ್ದದ್ದು ಮದುವೆಗೆ, ಇಲ್ಲವೇ ಸಾವಿಗೆ. ಸಾವಿಗೆ ಬಂದಾಗಲೆಲ್ಲ ದೊಡ್ಡವ್ವ ಏನಾದರೂ ನೆವ ತೆಗೆದು ಮಾಳಿಗೆ ಹತ್ತುತ್ತಿದ್ದಳು. ನಾನೂ ಶಾಂತಕ್ಕನೂ ಹಿಂದೆ.

ಖರೆ ಅಳುವಿಗೂ ಓಣಿಸುವುದಕ್ಕೂ ವ್ಯತ್ಯಾಸ ತಿಳಿಯುವ ಬಗೆಯನ್ನೂ ಅವಳು ಕಂಡುಕೊಂಡಿದ್ದಳು. “ಕಣ್ಣೀರು ನಂಬಬ್ಯಾಡ್ರಿ. ಉಳ್ಳಾಗಡ್ಡಿ ಹೆಚ್ಚಿದ್ರೂ ಬರ್ತಾವು. ಮೂಗು ನೋಡ್ರಿ, ಮೂಗು. ಹೊಟ್ಟಿಯಾಗಿಂದ ಬಂದಿದ್ರ ಮೂಗು ಸೋರ್ತೈತಿ.” ಉಳ್ಳಾಗಡ್ಡಿ ಹೆಚ್ಚಿದರೆ ಮೂಗೂ ಸೋರುತ್ತದಲ್ಲ ಎಂದು ನಾನು ಒಮ್ಮೆ ಜಾಣತನ ತೋರಿಸಲು ಹೋಗಿ ತಲೆಯ ಮೇಲೆ ಮೊಟಕಿಸಿಕೊಂಡೆ. ಶಾಂತಕ್ಕ ಮಾತ್ರ ಆ ಪಾಠವನ್ನು ಮನಸ್ಸಿಟ್ಟು ಕಲಿತಳು. ಅವಳ ಕಣ್ಣು ಚುರುಕು. ಮಾಳಿಗೆಯಿಂದ ಬಗ್ಗಿ ನೋಡಿ ವರದಿ ಒಪ್ಪಿಸುವಳು: “ಅವ್ವಾ, ಮೂಗು ಒಣಗೈತಿ.” ನಾವು ಸೆರಗಿನಲ್ಲಿ, ಲಂಗದಲ್ಲಿ ಬಾಯಿ ಮುಚ್ಚಿಕೊಂಡು ನಗುತ್ತಿದ್ದೆವು. ಕೆಳಗೆ ಹೆಣ, ಮೇಲೆ ನಾವು. ಇಂಥ ಮನೆತನ ನಮ್ಮದು.

ಶಾಂತಕ್ಕನನ್ನು ಸಂಡೂರಿಗೆ ಕೊಟ್ಟಿದ್ದರು. ವರ್ಷದೊಳಗೆ ಒಂದು ಟ್ರಂಕು ಹಿಡಿದು ವಾಪಸು ಬಂದಳು. ಯಾಕೆ ಎಂದು ದೊಡ್ಡವ್ವ ಕೇಳಲಿಲ್ಲ, ಕೇಳಲು ಬಂದವರನ್ನು ಕಟ್ಟೆ ಹತ್ತಗೊಡಲಿಲ್ಲ. ಒಂದು ಹೊಲಿಗೆ ಮಷೀನು ಬಂತು. ದೊಡ್ಡಪ್ಪ ಮೊದಲೇ ತೀರಿಕೊಂಡಿದ್ದ, ಆ ಮೇಲೆ ತಾಯಿ ಮಗಳು ಇಬ್ಬರೇ. ಮಗಳು ಜಾಕೀಟು ಹೊಲಿಯುವಳು, ತಾಯಿ ಕಟ್ಟೆಯ ಮೇಲೆ ಕೂತು ಊರನ್ನು ಹೊಲಿಯುವಳು. ದೊಡ್ಡವ್ವ ಹಾಸಿಗೆ ಹಿಡಿದ ಮೇಲೆ ಮಷೀನು ಕಿಟಕಿಯ ಹತ್ತಿರ ಸರಿಯಿತು, ಯಾಕೆಂದರೆ ಈಗ ಓಣಿ ನೋಡಿ ಹೇಳುವ ಕೆಲಸ ಪೂರ್ತಿ ಶಾಂತಕ್ಕನದು. “ಅವ್ವಾ, ಎದುರುಮನಿಯಾಕಿ ಗಂಡನ ಮುಂದ ಓಣಿಸಾಕತ್ತಾಳ ನೋಡು.” ಹಾಸಿಗೆಯಿಂದ ದನಿ ಏಳುತ್ತಿರಲಿಲ್ಲ. ಶಾಂತಕ್ಕ ಎದ್ದು ಹೋಗಿ, ಭುಜ ತಟ್ಟಿ, ಕಿವಿಯನ್ನು ತಾಯಿಯ ಬಾಯಿಯ ಹತ್ತಿರ ಒಯ್ಯುತ್ತಿದ್ದಳು. “ಸಾಲ್ದು ಅಂತಾಳ” ಎಂದು ನನಗೆ ತೀರ್ಪು ತಿಳಿಸುತ್ತಿದ್ದಳು. ನಾನು ರವಿವಾರ ಹೋದಾಗಲೆಲ್ಲ ಇದು ನಡೆಯುತ್ತಿತ್ತು. ಆ ಮನೆಗೆ ಬೇರೆ ಟೀವಿ ಬೇಕಿರಲಿಲ್ಲ.

ಕಳೆದ ವರ್ಷ ಒಂದು ಬೆಳಿಗ್ಗೆ ಶಾಂತಕ್ಕನ ಫೋನು. “ಗಿರಿಜಿ, ಅವ್ವ ಮಾತಾಡವಲ್ಲಳು. ಬಾ.” ಅಷ್ಟೇ. ದನಿಯಲ್ಲಿ ಏನೂ ಇರಲಿಲ್ಲ.

ಕಮಲಾಪುರ ದಾಟಿ ಬಾಳೆತೋಟಗಳ ನಡುವೆ ಬಸ್ಸು ಹೋಗುವಾಗ ನನಗೆ ಇಳಿದ ಮೇಲಿನದೇ ಚಿಂತೆ. ಓಣಿಯ ತಿರುವಿನಲ್ಲಿ ನಾನೇನು ಮಾಡಬೇಕು? ನಮ್ಮಮ್ಮ ಇದ್ದಿದ್ದರೆ ದನಿ ತೆಗೆಯುತ್ತಿದ್ದಳು. ಈಗ ಆ ಸರದಿ ನನಗೆ ಬಂದಿದೆ. ಬೋರಿನ ಹತ್ತಿರ ನಿಂತೆ. ಹೆಗಲಲ್ಲಿ ವ್ಯಾನಿಟಿ ಬ್ಯಾಗು, ಕೈಯಲ್ಲಿ ಹೂವಿನ ಹಾರ. ಒಂದು ಸಲ ಗಂಟಲು ಸರಿಮಾಡಿಕೊಂಡೆ ಕೂಡ. ಏನೂ ಬರಲಿಲ್ಲ. ತರಗತಿ ಶುರುವಾಗುವ ಮುಂಚೆ ಕೆಮ್ಮುವ ಕೆಮ್ಮು ಅದು. ತಲೆ ತಗ್ಗಿಸಿ ಸುಮ್ಮನೆ ನಡೆದುಬಿಟ್ಟೆ.

ನಾನೊಬ್ಬಳೇ ಅಲ್ಲ, ಯಾರೂ ದನಿ ತೆಗೆಯಲಿಲ್ಲ. ಮೊದಲು ಆ ಓಣಿಯಲ್ಲಿ ಚರಂಡಿ ಹಾರಿ, ಕಲ್ಲು ನೋಡಿ ಕಾಲಿಡಬೇಕಿತ್ತು. ಈಗ ಸಿಸಿ ರೋಡು ಆಗಿದೆ, ಕಾರು ಬಾಗಿಲಿಗೇ ಬರುತ್ತದೆ. ಸಂಡೂರಿನಿಂದ, ಬಳ್ಳಾರಿಯಿಂದ ನೆಂಟರು ಬಂದು ಕಾರಿನ ಬಾಗಿಲು ತೆಗೆದರೆ ಮುಂದಿನ ಹೆಜ್ಜೆ ಹೊಸ್ತಿಲಿಗೆ. ಅಳು ತಂದುಕೊಳ್ಳಲು ಜಾಗವೇ ಇಲ್ಲ. ಹಾರ ಹಾಕಿ, ಕೈ ಮುಗಿದು, “ಪುಣ್ಯವಂತಿ, ನರಳ್ಲಿಲ್ಲ” ಎಂದು ಹೇಳಿ, ಹೊರಗೆ ಶಾಮಿಯಾನದ ಕುರ್ಚಿಯಲ್ಲಿ ಕೂರುತ್ತಿದ್ದರು. ಎಲ್ಲರ ಕಿಸೆಯಲ್ಲೂ ಫೋನು ಗುಂಯ್‌ಗುಡುತ್ತಿತ್ತು. ಅಂಥ ಗಪ್‌ಚುಪ್ ಸಾವಿನ ಮನೆಯನ್ನು ನಾನು ಆ ಓಣಿಯಲ್ಲಿ ನೋಡಿಯೇ ಇರಲಿಲ್ಲ.

ನಮ್ಮಲ್ಲಿ ಹೋದವರನ್ನು ಮಲಗಿಸುವುದಿಲ್ಲ, ಗೋಡೆಗೆ ಆನಿಸಿ ಕೂಡಿಸುತ್ತಾರೆ. ದೊಡ್ಡವ್ವ ಹಣೆ ತುಂಬ ವಿಭೂತಿ ಹಚ್ಚಿಕೊಂಡು ಬಾಗಿಲಿಗೆ ಮುಖಮಾಡಿ ಕೂತಿದ್ದಳು, ಕಟ್ಟೆಯ ಮೇಲೆ ಕೂತ ಹಾಗೆಯೇ. ಪಕ್ಕದಲ್ಲಿ ಶಾಂತಕ್ಕ. ಜಾರಿದ ಸೆರಗನ್ನು ಮತ್ತೆ ಮತ್ತೆ ತಾಯಿಯ ತಲೆಗೆ ಸರಿಮಾಡುತ್ತಿದ್ದಳು. ಅವಳ ಕಣ್ಣು ಒಣಗಿದ್ದವು. ಬೆಳಗಿನಿಂದ ಒಂದು ಹನಿ ಬಂದಿಲ್ಲವಂತೆ, ನೀರೂ ಮುಟ್ಟಿಲ್ಲವಂತೆ. ಹೆಂಗಸರು ಎರಡು ಪಾಲಾಗಿದ್ದರು. “ಹಿಂಗ ಬಿಟ್ರ ತಲಿಗೇರ್ತೈತ್ರಿ, ಹೆಂಗಾರ ಮಾಡಿ ಅಳಸ್ರಿ” ಎನ್ನುವವರು ಕೆಲವರು. “ಹೇಸಿಗಿ ಬಳದು ಬಳದು ಸಾಕಾಗಿತ್ತು, ಬಿಡುಗಡಿ ಆತು ಅಂತ ಇರಬೇಕು” ಎಂದು ಹಿತ್ತಲ ಬಾಗಿಲಲ್ಲಿ ಪಿಸುಗುಟ್ಟುವವರು ಕೆಲವರು. ಎರಡನೆಯದು ಶಾಂತಕ್ಕನ ಕಿವಿಗೂ ಬಿದ್ದಿತ್ತು. ಮಧ್ಯಾಹ್ನಕ್ಕೆ ಮಣ್ಣು. ತಾಯಿಯನ್ನು ಎತ್ತಿದ ಮೇಲೆ ಈ ಒಣಗಿದ ಮುಖದವಳು ಆ ಮನೆಯಲ್ಲಿ ಒಬ್ಬಳೇ ಇರಬೇಕು. ನನಗೆ ಹೆದರಿಕೆಯಾಯಿತು.

ಬಗ್ಗಿ ಅಂದೆ, “ಶಾಂತಕ್ಕ, ಅತ್ತುಬಿಡು.”

“ಬರವಲ್ದು, ಗಿರಿಜಿ.” ಅವಳು ನನ್ನ ಕೈ ಹಿಡಿದಳು, ಕೈ ತಣ್ಣಗಿತ್ತು. “ಬಾಯಿ ತೆಗದ್ರ ಅವ್ವ ನೋಡಾಕತ್ತಾಳಂತ ಅನಸ್ತೈತಿ. ಇಷ್ಟು ಮಂದಿ ಮುಂದ ಶುರು ಮಾಡಿದ್ರ ಓಣಿಸಿದಂಗ ಆಗ್ತೈತಲ್ಲ. ನಕ್ಕಾಳು.”

ಮಾಳಿಗೆಯ ಮೇಲೆ ಕೂತು ನಾವು ನಕ್ಕ ನಗು ಅವಳ ಗಂಟಲಿಗೆ ಅಡ್ಡ ಕೂತಿತ್ತು. ಮೊದಲ ಸಲ ಆ ಪದದ ಮೇಲೆ ನನಗೆ ಸಿಟ್ಟು ಬಂತು. ಎದ್ದು ಹೊರಗೆ ಬಂದೆ.

ಅಷ್ಟರಲ್ಲಿ ಒಂದು ಆಟೋ ಬಂದು ಬಾಗಿಲಿಗೇ ನಿಂತಿತು. ಇಳಿದವಳು ಹಂಪವ್ವತ್ತಿ. ಎಷ್ಟು ಮುದುಕಿಯಾಗಿದ್ದಳೆಂದರೆ ಮೊದಲು ಗುರುತೇ ಸಿಗಲಿಲ್ಲ. ಬೆನ್ನು ಬಾಗಿದೆ, ಮೊಣಕಾಲು ಹೊರಕ್ಕೆ ತಿರುಗಿವೆ, ಕೈಯಲ್ಲಿ ಕೋಲು. ಹೊಸ್ತಿಲ ಕಡೆ ನೋಡಿದಳು, ಶಾಮಿಯಾನ ನೋಡಿದಳು, ಕುರ್ಚಿಯಲ್ಲಿ ಕೂತವರನ್ನು ನೋಡಿದಳು. ಆಮೇಲೆ ಹೊಸ್ತಿಲಿಗೆ ಬೆನ್ನು ಹಾಕಿ ಓಣಿಯ ತಿರುವಿನ ಕಡೆಗೆ ನಡೆಯತೊಡಗಿದಳು. ಕುರ್ಚಿಯವರು ಮುಖ ಮುಖ ನೋಡಿಕೊಂಡರು. ಬಿದ್ದುಗಿದ್ದಾಳು ಎಂದು ನಾನು ಓಡಿಹೋಗಿ ರಟ್ಟೆ ಹಿಡಿದೆ.

“ಎಲ್ಲಿಗಿ ಹೊಂಟಿ ಅತ್ತಿ? ಮನಿ ಇಲ್ಲೈತಿ.”

“ಗೊತ್ತೈತಿ, ನಾ ಹುಟ್ಟಿದ ಮನಿ” ಎಂದಳು ನಿಲ್ಲದೆ. “ಆಟೋದವಗ ತಿರುವಿನಾಗ ನಿಲ್ಸೋ ಅಂದ್ರ ಬಾಗ್ಲಿಗೆ ತಂದು ಇಳಿಸ್ಯಾನ. ಅತ್ಗೆವ್ವನ ಮುಂದ ಹಂಗ ಹೋಗಾಕ ಬರ್ತೈತೇನು?”

ಎಲ್ಲರೂ ನೋಡುತ್ತಿದ್ದರು. ಓಣಿಸುವುದಕ್ಕೆಂದೇ ವಾಪಸು ನಡೆಯುವ ಮುದುಕಿ, ಅವಳ ರಟ್ಟೆ ಹಿಡಿದ ಕನ್ನಡ ಮೇಡಂ. ನನಗೆ ನಾಚಿಕೆಯಾಗಿ “ಇಲ್ಲೇ ಅಳು ಅತ್ತಿ, ಯಾರೇನಂತಾರ” ಎಂದೆ.

“ಬಸ್ಸಿನಾಗ ಅಳಾಕ ಬರ್ತೈತಾ? ಡ್ರೈವರ ನಮ್ಮವನಾ? ಅವತ್ತು ನಮ್ಮವ್ವ ಸತ್ತಾಗ ಬುಕ್ಕಸಾಗರದಿಂದ ಬಸ್ಸಿನಾಗ ಹಲ್ಲು ಕಚ್ಚಿ ಕುಂತಿದ್ನಿ. ಜೊತಿಗೆ ಬಂದಾರು ಇಕಿ ಬೀಳ್ತಾಳಂತ ಮಿರ್ಚಿ ತಿನಿಸಿದ್ರು, ನಗಸಿದ್ರು. ಓಣಿ ಬಂತು. ಓಣಿ ನಮ್ದು. ಇಲ್ಲಿ ಅಳಬೋದು.” ಬೋರಿನ ಹತ್ತಿರ ನಿಂತಳು, ಉಸಿರು ಹತ್ತಿತ್ತು. “ನಿಮ್ ದೊಡ್ಡವ್ವ ಇದಕೊಂದು ಹೆಸರಿಟ್ಟಿದ್ಲು. ನಂಗೊತ್ತಿಲ್ಲಂತ ಮಾಡಿದ್ರೇನು ನೀವು? ಮ್ಯಾಲೆ ನಿಂತು ನೋಡ್ತಿದ್ಲು. ನೋಡಾಕತ್ತಾಳಂತ ಗೊತ್ತಾದ್ರ ನಂಗೂ ಜೋರು ಬರ್ತಿತ್ತು.”

ಸೆರಗು ತಲೆಯ ಮೇಲೆ ಎಳೆದುಕೊಂಡಳು. ದನಿ ತೆಗೆಯುವ ಮುಂಚೆ ರೂಢಿಯಂತೆ ಕತ್ತೆತ್ತಿ ನಮ್ಮ ಮಾಳಿಗೆಯ ಕಡೆ ನೋಡಿದಳು. ಅಲ್ಲಿ ಒಂದು ನೀಲಿ ಸಿಂಟೆಕ್ಸ್ ಟ್ಯಾಂಕು ಇತ್ತು, ಒಣಗಲು ಹಾಕಿದ ದೊಡ್ಡವ್ವನ ದುಪ್ಪಟಿ ಇತ್ತು. ಹಂಪವ್ವತ್ತಿ ಬಾಯಿ ತೆರೆದವಳು ಹಾಗೇ ನಿಂತಳು. ಆಮೇಲೆ ಬಂದ ದನಿ ನಾನು ಚಿಕ್ಕಂದಿನಲ್ಲಿ ಕೇಳಿದ, ಊರು ನಡುಗಿಸುವ ದನಿಯಲ್ಲ. ಒಡೆದು, ನಡುವೆ ನಿಂತು, ಮತ್ತೆ ಎದ್ದು, “ಯಾರ್ ನೋಡ್ತಾರ ಅತ್ಗೆವ್ವಾ ಇನ್ನ ನಾ ಬರೋದು, ಯಾರ್ ನೋಡ್ತಾರ” ಎಂದು ಅದೊಂದನ್ನೇ ಹೇಳಿಕೊಂಡು ನಡೆದಳು. ಕುರ್ಚಿಯಲ್ಲಿದ್ದವರು ಒಬ್ಬೊಬ್ಬರಾಗಿ ಎದ್ದು ನಿಂತರು.

ಹೊಸ್ತಿಲಿಗೆ ಬಂದಾಗ ಒಳಗೆ ಶಾಂತಕ್ಕ ತಲೆ ಎತ್ತಿದ್ದಳು. ಎಷ್ಟೋ ಕಾಲದ ರೂಢಿ ಅವಳ ಕೈಯನ್ನು ನಡೆಸಿತು. ತಾಯಿಯ ಭುಜ ಮೆಲ್ಲಗೆ ತಟ್ಟಿದಳು.

“ಅವ್ವಾ, ಹಂಪವ್ವತ್ತಿ ಬಂದಾಳ. ಓಣಿಸಾಕತ್ತಾಳ ನೋಡು.”

ಕಿವಿಯನ್ನು ತಾಯಿಯ ಬಾಯಿಯ ಹತ್ತಿರ ಒಯ್ದು ಕಾದಳು. ವಿಭೂತಿ ಅವಳ ಕೆನ್ನೆಗೆ ಹತ್ತಿತು. ಹಂಪವ್ವತ್ತಿ ಬಾಗಿಲ ಚೌಕಟ್ಟು ಹಿಡಿದು ಕುಸಿದು ಕೂತಳು, ಸೆರಗಿನಿಂದ ಒರೆಸಿಕೊಳ್ಳುವುದೂ ನೆನಪಿಲ್ಲದೆ. ಶಾಂತಕ್ಕ ಅತ್ತ ಒಮ್ಮೆ ದಿಟ್ಟಿಸಿ ನೋಡಿ, ಮತ್ತೆ ತಾಯಿಯ ಕಡೆ ತಿರುಗಿದಳು. ಈ ಸಲ ಭುಜವನ್ನು ಜೋರಾಗಿ ಅಲುಗಿಸಿದಳು.

“ಅವ್ವಾ, ಇಲ್ಲವ್ವಾ. ಮೂಗು ಸೋರಾಕತ್ತೈತಿ. ಅಕಿ ಮೂಗು ಸೋರಾಕತ್ತೈತಿ, ಅವ್ವಾ.”

ಹೇಳುತ್ತ ಹೇಳುತ್ತಲೇ ಅವಳದೂ ಸೋರತೊಡಗಿತ್ತು.